ಒಪ್ಪಿಗೆಯ ಹಿಂದಿನ ಬದುಕು: ಸಿಮೋನ್ ದ ಬೋವಾ ಮತ್ತು ನಮ್ಮ ಧರ್ಮಸಭೆ

ನಮ್ಮ ಗುರುಮಠಗಳ ತತ್ತ್ವಶಾಸ್ತ್ರದ ಪಠ್ಯಕ್ರಮದಲ್ಲಿ ಅಸ್ತಿತ್ವವಾದಕ್ಕೆ ಒಂದು ಸ್ಥಾನವುಂಟು. ಕಿಯರ್ಕೆಗಾರ್ಡ್, ಹೈಡೆಗರ್, ಗಾಬ್ರಿಯೆಲ್ ಮಾರ್ಸೆಲ್, ಸಾರ್ತ್ರ್ ಮೊದಲಾದವರ ಹೆಸರುಗಳನ್ನು ಗುರುವಿದ್ಯಾರ್ಥಿಗಳು ಪರೀಕ್ಷೆಯ ಸಲುವಾಗಿಯಾದರೂ ಓದುತ್ತಾರೆ. ಸಿಮೋನ್ ದ ಬೋವಾ ಅವರ ಹೆಸರು ಸಾಮಾನ್ಯವಾಗಿ ಸಾರ್ತ್ರ್ ಕುರಿತ ಪಾಠದ ಕೊನೆಯಲ್ಲಿ ಒಂದೆರಡು ವಾಕ್ಯಗಳಲ್ಲಿ ಬಂದುಹೋಗುತ್ತದೆ. ಸಾರ್ತ್ರ್ ಅವರ ಸಂಗಾತಿ, ನಿರೀಶ್ವರವಾದಿ, ಗರ್ಭಪಾತದ ಹಕ್ಕಿಗಾಗಿ ಹೋರಾಡಿದವರು, 1956ರಲ್ಲಿ ವ್ಯಾಟಿಕನ್ನಿನ ನಿಷಿದ್ಧ ಗ್ರಂಥಗಳ ಪಟ್ಟಿಗೆ ಸೇರಿದ ‘ದ ಸೆಕೆಂಡ್ ಸೆಕ್ಸ್’ ಗ್ರಂಥದ ಲೇಖಕಿ. ಇಷ್ಟಕ್ಕೆ ಪಾಠ ಮುಗಿಯುತ್ತದೆ. ನಾವೂ ಹಲವು ವರ್ಷ ಹೀಗೆಯೇ ಬೋಧಿಸಿದೆವು.

ಆ ಗ್ರಂಥವನ್ನು ಮತ್ತೆ ಕೈಗೆತ್ತಿಕೊಳ್ಳುವಂತೆ ಮಾಡಿದ್ದು ತರಗತಿಯ ಚರ್ಚೆಯಲ್ಲ. ವಾರದ ದಿನಗಳಲ್ಲಿ ಪಾಠ ಹೇಳಿ, ಭಾನುವಾರಗಳಂದು ಬೆಂಗಳೂರಿನ ಪಶ್ಚಿಮ ಭಾಗದ ಮೂಡಲಪಾಳ್ಯದ ಸುತ್ತಮುತ್ತ ಸೇವೆ ಸಲ್ಲಿಸುತ್ತಿದ್ದ ಕಾಲದಲ್ಲಿ ಒಬ್ಬ ಯುವತಿ ನಮ್ಮನ್ನು ಒಂದು ಪ್ರಶ್ನೆ ಕೇಳಿದಳು. ಅದಕ್ಕೆ ನಾವು ಉತ್ತರ ಕೊಡಲಾಗಲಿಲ್ಲ. ಆ ಪ್ರಶ್ನೆ ಏನೆಂಬುದನ್ನು ಲೇಖನದ ಕೊನೆಯಲ್ಲಿ ಹೇಳುತ್ತೇವೆ. ಬೋವಾ ಅವರ ಬದುಕನ್ನೂ ವಿಚಾರಗಳನ್ನೂ ಮೊದಲು ಗಮನಿಸಿದರೆ ಅದರ ತೂಕ ತಿಳಿಯುವುದು ಸುಲಭವಾದೀತು.

ಮನೆ, ಶಾಲೆ, ವಿಶ್ವಾಸ

ಸಿಮೋನ್ 1908ರ ಜನವರಿ 9ರಂದು ಪ್ಯಾರಿಸ್ ನಗರದ ಮೊಂಪಾರ್ನಾಸ್ ಬಡಾವಣೆಯಲ್ಲಿ ಜನಿಸಿದಳು. ತಂದೆ ಜಾರ್ಜ್ ವಕೀಲರು, ನಾಟಕಪ್ರಿಯರು, ಧರ್ಮದ ವಿಷಯದಲ್ಲಿ ಉದಾಸೀನರು. ತಾಯಿ ಫ್ರಾನ್ಸ್ವಾಜ್ ದೃಢವಾದ ಕಥೋಲಿಕ ವಿಶ್ವಾಸಿ. ಎರಡು ವರ್ಷಗಳ ತರುವಾಯ ತಂಗಿ ಎಲೆನ್ ಹುಟ್ಟಿದಳು. ಮಕ್ಕಳ ಆತ್ಮದ ಹೊಣೆ ತಾಯಿಯದು, ಬುದ್ಧಿಯ ಹೊಣೆ ತಂದೆಯದು ಎಂಬಂತೆ ಆ ಮನೆಯ ವ್ಯವಹಾರ ನಡೆಯುತ್ತಿತ್ತು. ಭಕ್ತಿ ಹೆಂಗಸರ ಪಾಲು, ವಿಚಾರ ಗಂಡಸರ ಪಾಲು ಎಂಬ ಈ ವಿಭಜನೆ ತಮ್ಮ ಮನಸ್ಸಿನಲ್ಲಿ ಆಳವಾಗಿ ಉಳಿಯಿತೆಂದು ಬೋವಾ ಮುಂದೆ ಬರೆದರು.

ಐದನೆಯ ವಯಸ್ಸಿನಲ್ಲಿ ಆಕೆಯನ್ನು ಕೂರ್ ದೆಸೀರ್ ಎಂಬ ಕಥೋಲಿಕ ಬಾಲಕಿಯರ ಶಾಲೆಗೆ ಸೇರಿಸಲಾಯಿತು. ಆಕೆ ಅತ್ಯಂತ ಭಕ್ತಳಾದ ಹುಡುಗಿಯಾಗಿದ್ದಳು. ಮುಂದೆ ಕನ್ಯಾಸ್ತ್ರೀಯಾಗಬೇಕೆಂದೂ ಬಯಸಿದ್ದಳು. ಮೊದಲನೆಯ ಮಹಾಯುದ್ಧದ ನಂತರ ಕುಟುಂಬದ ಹಣಕಾಸಿನ ಸ್ಥಿತಿ ಹದಗೆಟ್ಟಿತು. ತಾಯಿಯ ತಂದೆಯ ಬ್ಯಾಂಕ್ ಮೊದಲೇ ದಿವಾಳಿಯಾಗಿದ್ದುದರಿಂದ ಹೆಣ್ಣುಮಕ್ಕಳಿಗೆ ವರದಕ್ಷಿಣೆ ಕೊಡುವ ಶಕ್ತಿ ಉಳಿದಿರಲಿಲ್ಲ. ವರದಕ್ಷಿಣೆಯಿಲ್ಲದ ಹುಡುಗಿಗೆ ಆ ವರ್ಗದಲ್ಲಿ ಮದುವೆಯೂ ಇಲ್ಲ. ಆದ್ದರಿಂದ ನೀವು ದುಡಿದು ಬದುಕಬೇಕೆಂದು ತಂದೆ ಹೇಳಿದರು. ಅವರ ಪಾಲಿಗೆ ಅದು ಅವಮಾನದ ಮಾತು. ಮಗಳ ಪಾಲಿಗೆ ಅದೇ ಬಿಡುಗಡೆಯ ದಾರಿಯಾಯಿತು. ವರದಕ್ಷಿಣೆಯ ಲೆಕ್ಕಾಚಾರ ಇಂದಿಗೂ ಅಳಿಯದ ನಮ್ಮ ನಾಡಿನ ಓದುಗರಿಗೆ ಈ ಸಂಗತಿಯನ್ನು ಬಿಡಿಸಿ ಹೇಳಬೇಕಾಗಿಲ್ಲ.

ಸುಮಾರು ಹದಿನಾಲ್ಕನೆಯ ವಯಸ್ಸಿನಲ್ಲಿ ಆಕೆ ದೇವರಲ್ಲಿ ವಿಶ್ವಾಸ ಕಳೆದುಕೊಂಡಳು. ಯಾವ ಗ್ರಂಥವೂ ಯಾವ ವಾದವೂ ಆಕೆಯನ್ನು ಅಲ್ಲಿಗೆ ಕರೆದೊಯ್ಯಲಿಲ್ಲ. ಅಜ್ಜನ ಹಳ್ಳಿಮನೆಯ ಕಿಟಕಿಯ ಬಳಿ ನಿಂತಿದ್ದ ಒಂದು ಸಂಜೆ, ತಾನು ಇನ್ನು ನಂಬುತ್ತಿಲ್ಲವೆಂಬುದು ತನಗೇ ಗೊತ್ತಾಯಿತೆಂದು ಬೋವಾ ತಮ್ಮ ಆತ್ಮಕಥೆಯಲ್ಲಿ ದಾಖಲಿಸಿದ್ದಾರೆ. ಅದೇ ಗ್ರಂಥದಲ್ಲಿ ಇನ್ನೊಂದು ಮಾತೂ ಇದೆ. ಯಾವ ವ್ಯಕ್ತಿಯನ್ನೂ ಕ್ಷುಲ್ಲಕವೆಂದು ಎಣಿಸಬಾರದು, ಪ್ರತಿಯೊಬ್ಬರಿಗೂ ತಮ್ಮ ಅಂತಃಸತ್ತ್ವವನ್ನು ಪೂರ್ಣವಾಗಿ ಅರಳಿಸಿಕೊಳ್ಳುವ ಹಕ್ಕಿದೆ ಎಂಬುದನ್ನು ತಮಗೆ ಕಲಿಸಿದ್ದು ಕಥೋಲಿಕ ಶಿಕ್ಷಣವೇ ಎಂದು ಅವರು ಒಪ್ಪಿಕೊಳ್ಳುತ್ತಾರೆ. ವಿಶ್ವಾಸ ಹೋದರೂ ಆ ಪಾಠ ಉಳಿಯಿತು. ಅವರ ಮುಂದಿನ ಬರವಣಿಗೆಯನ್ನು ಓದುವಾಗ ನಾವು ಇದನ್ನು ಮರೆಯಬಾರದು. ಧರ್ಮಸಭೆಗೆ ಅವರು ಕೇಳಿದ ಪ್ರಶ್ನೆಗಳಲ್ಲಿ ಹಲವು, ಧರ್ಮಸಭೆಯೇ ಅವರಿಗೆ ಕೊಟ್ಟ ಅಳತೆಗೋಲಿನಿಂದ ಅಳೆದವು.

ಝಾಝಾ

ಹತ್ತು ವರ್ಷದ ಸಿಮೋನಳ ಪಕ್ಕದ ಆಸನಕ್ಕೆ ಎಲಿಜಬೆತ್ ಲಾಕ್ವಾ ಎಂಬ ಹುಡುಗಿ ಬಂದು ಕುಳಿತಳು. ಮನೆಯವರು ಕರೆಯುತ್ತಿದ್ದ ಹೆಸರು ಝಾಝಾ. ಆಕೆಯದು ಅನೇಕ ಮಕ್ಕಳಿದ್ದ, ಸಿರಿವಂತ, ಧರ್ಮನಿಷ್ಠ ಕುಟುಂಬ. ಝಾಝಾ ಚುರುಕಾದ, ಹಾಸ್ಯಪ್ರಜ್ಞೆಯುಳ್ಳ, ಸಂಗೀತ ಬಲ್ಲ ಹುಡುಗಿ. ತಾಯಿಯನ್ನು ಅಪಾರವಾಗಿ ಪ್ರೀತಿಸುತ್ತಿದ್ದಳು; ತಾಯಿಯ ಇಚ್ಛೆಯನ್ನು ದೇವರ ಇಚ್ಛೆಯಿಂದ ಬೇರ್ಪಡಿಸಿ ನೋಡುವುದು ಆಕೆಗೆ ಕಷ್ಟವಾಗಿತ್ತು. ಇಬ್ಬರ ಗೆಳೆತನ ಹನ್ನೊಂದು ವರ್ಷಗಳ ಕಾಲ ಬೆಳೆಯಿತು.

ಸಿಮೋನ್ ಸೊರ್ಬೋನ್ ವಿಶ್ವವಿದ್ಯಾಲಯದಲ್ಲಿ ತತ್ತ್ವಶಾಸ್ತ್ರ ಓದುತ್ತಿದ್ದಾಗ ಮೋರಿಸ್ ಮೆರ್ಲೊ-ಪೋಂಟಿ ಎಂಬ ಸಹಪಾಠಿಯ ಪರಿಚಯವಾಯಿತು. ಮುಂದೆ ದೇಹ ಮತ್ತು ಗ್ರಹಿಕೆಯ ತತ್ತ್ವಜ್ಞಾನಿಯೆಂದು ಜಗತ್ಪ್ರಸಿದ್ಧರಾದ ಅವರು ಆಗ ಆಚರಣೆಯುಳ್ಳ ಕಥೋಲಿಕರು. ಝಾಝಾ ಮತ್ತು ಮೆರ್ಲೊ-ಪೋಂಟಿ ಪರಸ್ಪರ ಪ್ರೀತಿಸಿದರು. ವರನೂ ವಿಶ್ವಾಸಿ, ವಧುವೂ ವಿಶ್ವಾಸಿ, ಅಡ್ಡಿಯೇನೂ ಇರಬಾರದಿತ್ತು. ಆದರೂ ಮಾತುಕತೆ ಮುಂದುವರಿಯಲಿಲ್ಲ. ಆತ ಹಿಂಜರಿಯತೊಡಗಿದರು, ಕಾರಣ ಯಾರಿಗೂ ತಿಳಿಯಲಿಲ್ಲ, ಝಾಝಾ ಕೊರಗಿದಳು. ತೀವ್ರ ಜ್ವರಕ್ಕೆ ತುತ್ತಾಗಿ 1929ರ ನವೆಂಬರ್ 25ರಂದು ತೀರಿಕೊಂಡಳು. ಇಪ್ಪತ್ತೆರಡು ತುಂಬಲು ಇನ್ನೂ ಒಂದು ತಿಂಗಳು ಬಾಕಿಯಿತ್ತು.

ಮೂವತ್ತು ವರ್ಷಗಳ ನಂತರ ಬೋವಾ ಅವರ ಆತ್ಮಕಥೆಯ ಮೊದಲ ಸಂಪುಟ ಪ್ರಕಟವಾದಾಗ ಝಾಝಾಳ ಸಹೋದರಿಯೊಬ್ಬಳು ನಿಜಸಂಗತಿ ತಿಳಿಸಿದಳು. ಮಗಳನ್ನು ಕೊಡುವ ಮುನ್ನ ಲಾಕ್ವಾ ಕುಟುಂಬ ವರನ ಮನೆತನವನ್ನು ಗುಟ್ಟಾಗಿ ವಿಚಾರಿಸಿತ್ತು. ಆತನ ಜನ್ಮ ವಿವಾಹದ ಹೊರಗಿನದೆಂದು ಗೊತ್ತಾಗಿತ್ತು. ಹಿಂದೆ ಸರಿಯುವಂತೆ ಆತನ ಮೇಲೆ ಒತ್ತಡ ಬಂದಿತ್ತು. ಪ್ಯಾರಿಸ್ಸಿನಲ್ಲಿ ನಡೆದದ್ದಾದರೂ ನಮ್ಮ ಊರುಗಳ ಕಥೆಯಂತೆಯೇ ಇದೆ. ಮನೆತನ ವಿಚಾರಿಸುವುದು, ಮಾನದ ಮಾತಾಡುವುದು, ಮದುವೆಯಾಗಬೇಕಾದ ಹುಡುಗಿಯನ್ನು ಮಾತ್ರ ಕೇಳದಿರುವುದು ನಮಗೆ ಅಪರಿಚಿತವೇನಲ್ಲ.

ಝಾಝಾಳ ಮರಣವೇ ತನ್ನ ಬಿಡುಗಡೆಯ ಬೆಲೆಯಾಯಿತೇನೋ ಎಂಬ ಭಾವ ಬೋವಾ ಅವರನ್ನು ಬಹುಕಾಲ ಕಾಡಿತು. ಗೆಳತಿಯ ಕಥೆಯನ್ನು ಅವರು ಹಲವು ಬಾರಿ ಬರೆಯಲೆತ್ನಿಸಿದರು; ಅಂತಹ ಒಂದು ಕಿರುಕಾದಂಬರಿ 2020ರಲ್ಲಿ, ಅವರು ಮಡಿದ ಮೂವತ್ತನಾಲ್ಕು ವರ್ಷಗಳ ನಂತರ ಪ್ರಕಟವಾಯಿತು.

ಇಲ್ಲಿ ಧರ್ಮಸಭೆಯ ಇತಿಹಾಸದ ಒಂದು ಪುಟವನ್ನು ತೆರೆಯಬೇಕು. ಟ್ರೆಂಟ್ ಮಹಾಸಭೆ ವಿವಾಹವನ್ನು ಚರ್ಚಿಸುತ್ತಿದ್ದಾಗ, ತಂದೆತಾಯಿಗಳ ಸಮ್ಮತಿಯಿಲ್ಲದ ವಿವಾಹಗಳನ್ನು ಅಸಿಂಧುವೆಂದು ಸಾರಬೇಕೆಂದು ಒತ್ತಾಯಿಸಿದವರು ಫ್ರಾನ್ಸ್ ದೊರೆಯ ರಾಯಭಾರಿಗಳು. ಮಹಾಸಭೆ ಅದನ್ನು ಒಪ್ಪಲಿಲ್ಲ. 1563ರ ನವೆಂಬರ್ 11ರಂದು ಹೊರಡಿಸಿದ ‘ತಾಮೆತ್ಸಿ’ ಆಜ್ಞಾಪತ್ರ ಗುಟ್ಟಿನ ಮದುವೆಗಳನ್ನು ಖಂಡಿಸಿ, ಗುರು ಮತ್ತು ಸಾಕ್ಷಿಗಳ ಉಪಸ್ಥಿತಿಯನ್ನು ಕಡ್ಡಾಯಗೊಳಿಸಿತು. ಆದರೆ ತಂದೆತಾಯಿಗಳ ಸಮ್ಮತಿಯಿಲ್ಲವೆಂಬ ಕಾರಣಕ್ಕೆ ವಿವಾಹ ಶೂನ್ಯವೆನ್ನುವವರನ್ನೂ ಖಂಡಿಸಿತು. ವಧೂವರರ ಒಪ್ಪಿಗೆಯೇ ವಿವಾಹವನ್ನು ಉಂಟುಮಾಡುತ್ತದೆ ಎಂಬ ತತ್ತ್ವ ಹೀಗೆ ಉಳಿಯಿತು. ಫ್ರಾನ್ಸಿನ ಅರಸರು ಆ ಆಜ್ಞೆಯನ್ನು ತಮ್ಮ ರಾಜ್ಯದಲ್ಲಿ ಜಾರಿಗೊಳಿಸದೆ, ತಂದೆತಾಯಿಗಳ ಅಧಿಕಾರವನ್ನು ಬಲಪಡಿಸುವ ತಮ್ಮ ಕಾನೂನುಗಳನ್ನೇ ಮುಂದುವರಿಸಿದರು. 1929ರಲ್ಲಿ ಲಾಕ್ವಾ ಕುಟುಂಬ ಧರ್ಮದ ಹೆಸರಿನಲ್ಲಿ ನಡೆದುಕೊಂಡದ್ದು ಧರ್ಮಸಭೆಯ ನಿಯಮದಂತಲ್ಲ, ಆ ಅರಸರ ನಿಯಮದಂತೆ. ನಮ್ಮ ಬೋಧನೆ ಝಾಝಾಳ ಪರವಾಗಿತ್ತು, ನಮ್ಮ ಮನೆಗಳು ಅವಳ ಪರವಾಗಿರಲಿಲ್ಲ.

ಸ್ವಾತಂತ್ರ್ಯ ಮತ್ತು ಸನ್ನಿವೇಶ

ಝಾಝಾ ತೀರಿಕೊಂಡ ಅದೇ ವರ್ಷ ಬೋವಾ ಫ್ರಾನ್ಸಿನ ಕಠಿಣವಾದ ಅಧ್ಯಾಪಕ ಅರ್ಹತಾ ಪರೀಕ್ಷೆಯಲ್ಲಿ ಎರಡನೆಯ ಸ್ಥಾನ ಪಡೆದರು. ಮೊದಲ ಸ್ಥಾನ ಸಾರ್ತ್ರ್ ಅವರದು. ಆದರೆ ಅವರಿಗೆ ಅದು ಎರಡನೆಯ ಪ್ರಯತ್ನ. ಇಪ್ಪತ್ತೊಂದು ವರ್ಷದ ಬೋವಾ, ತತ್ತ್ವಶಾಸ್ತ್ರದಲ್ಲಿ ಆ ಪರೀಕ್ಷೆ ಮುಗಿಸಿದವರಲ್ಲಿ ಅತ್ಯಂತ ಕಿರಿಯರು. ಅಂದಿನಿಂದ 1980ರಲ್ಲಿ ಸಾರ್ತ್ರ್ ನಿಧನರಾಗುವವರೆಗೂ ಇಬ್ಬರ ವೈಚಾರಿಕ ಸಾಂಗತ್ಯ ಮುಂದುವರಿಯಿತು.

ಸಾಂಗತ್ಯವಿದ್ದಲ್ಲಿ ಭಿನ್ನಮತವೂ ಇತ್ತು. ಮನುಷ್ಯನಿಗೆ ಮೊದಲೇ ಗೊತ್ತುಪಡಿಸಿದ ಸಾರವಿಲ್ಲ, ಅವನು ತನ್ನ ಆಯ್ಕೆಗಳಿಂದಲೇ ತಾನಾಗುತ್ತಾನೆ ಎಂಬುದು ಅಸ್ತಿತ್ವವಾದದ ಮೂಲ ನಿಲುವು. ಎಂಥ ಸ್ಥಿತಿಯಲ್ಲಿಯೂ ಮನುಷ್ಯ ಸ್ವತಂತ್ರನೇ ಎಂದು ಸಾರ್ತ್ರ್ ವಾದಿಸುತ್ತಿದ್ದರು. 1940ರ ಸುಮಾರಿನಲ್ಲಿ ನಡೆದ ಚರ್ಚೆಯಲ್ಲಿ ಬೋವಾ ಒಂದು ಆಕ್ಷೇಪ ಎತ್ತಿದರು. ಜನಾನಾದಲ್ಲಿ ಬಂಧಿತಳಾದ ಹೆಂಗಸು ತನ್ನ ಸ್ಥಿತಿಯನ್ನು ಮೀರಿ ಹೋಗುವುದಾದರೂ ಹೇಗೆ? ಆ ಬದುಕನ್ನೂ ಬೇರೆ ಬೇರೆ ರೀತಿಯಲ್ಲಿ ಬಾಳಬಹುದೆಂದು ಸಾರ್ತ್ರ್ ಉತ್ತರಿಸಿದರು. ತಾವು ಆಗ ತೋರಿಕೆಗೆ ಒಪ್ಪಿದರೂ ಮನಸ್ಸಿನಲ್ಲಿ ಒಪ್ಪಿರಲಿಲ್ಲವೆಂದು ಬೋವಾ ಬರೆದಿದ್ದಾರೆ.

ಆ ಆಕ್ಷೇಪವೇ ಅವರ ಸ್ವಂತ ತತ್ತ್ವಚಿಂತನೆಯ ಬೀಜ. ಸ್ವಾತಂತ್ರ್ಯ ಯಾವಾಗಲೂ ಒಂದು ಸನ್ನಿವೇಶದೊಳಗಿನ ಸ್ವಾತಂತ್ರ್ಯ. ದೇಹ, ಹಣ, ವಿದ್ಯೆ, ಕಾನೂನು, ರೂಢಿ, ಪರರ ನೋಟ ಇವೆಲ್ಲ ಸೇರಿ ಒಬ್ಬರ ಮುಂದೆ ಹತ್ತು ಬಾಗಿಲುಗಳನ್ನೂ ಇನ್ನೊಬ್ಬರ ಮುಂದೆ ಒಂದೇ ಬಾಗಿಲನ್ನೂ ಇಡುತ್ತವೆ. 1947ರಲ್ಲಿ ಅವರು ಪ್ರಕಟಿಸಿದ ನೀತಿಶಾಸ್ತ್ರದ ಗ್ರಂಥ ಮನುಷ್ಯಸ್ಥಿತಿಯ ದ್ವಂದ್ವವನ್ನು ಕುರಿತದ್ದು. ತಾನು ಸ್ವತಂತ್ರನಾಗಬಯಸುವವನು ಇತರರ ಸ್ವಾತಂತ್ರ್ಯವನ್ನೂ ಬಯಸಲೇಬೇಕು ಎಂಬುದು ಅದರ ಮುಖ್ಯ ವಾದ. ಅಧಿಕಾರ ನಡೆಸುವವರು ಕೆಲವರನ್ನು ಮಕ್ಕಳ ಸ್ಥಿತಿಯಲ್ಲಿಯೇ ಉಳಿಸಿಬಿಡುತ್ತಾರೆ. ಬೇರೆ ದಾರಿಯುಂಟೆಂಬ ಅರಿವೇ ಇಲ್ಲದವರನ್ನು ತಪ್ಪಿತಸ್ಥರೆನ್ನಲಾಗದು. ದಾರಿ ಕಂಡ ಮೇಲೂ ಹಳೆಯ ನೆರಳಿನಲ್ಲಿ ಇರಲು ಸಮ್ಮತಿಸಿದರೆ ಮಾತ್ರ ಅದು ಆತ್ಮವಂಚನೆಯಾಗುತ್ತದೆ ಎಂದು ಅಲ್ಲಿ ವಿವೇಚಿಸುತ್ತಾರೆ. ನೈತಿಕ ದೈವಶಾಸ್ತ್ರ ಓದಿದವರಿಗೆ ಇದು ಹೊಸತೆನಿಸದು. ಅಜ್ಞಾನ, ಭಯ, ರೂಢಿ ಮತ್ತು ಒತ್ತಾಯಗಳು ಕೃತ್ಯದ ಹೊಣೆಗಾರಿಕೆಯನ್ನು ತಗ್ಗಿಸುತ್ತವೆಂದು ನಮ್ಮ ಪಾಠಗಳೂ ಹೇಳುತ್ತವೆ. ನಾವು ಅದನ್ನು ಪಾಪದ ವಿಷಯದಲ್ಲಿ ನೆನೆಯುತ್ತೇವೆ. ಒಪ್ಪಿಗೆಯ ವಿಷಯದಲ್ಲಿ ಅಷ್ಟಾಗಿ ನೆನೆಯುವುದಿಲ್ಲ.

ಬೋವಾ ಅವರಿಗೂ ಸನ್ನಿವೇಶದ ಪಾಠವನ್ನು ಒಬ್ಬರು ಕಲಿಸಬೇಕಾಯಿತು. ವಿದ್ಯಾರ್ಥಿದೆಸೆಯಲ್ಲಿ ಸಿಮೋನ್ ವೈಲ್ ಅವರನ್ನು ಭೇಟಿಯಾದಾಗ, ಎಲ್ಲರಿಗೂ ಅನ್ನ ಕೊಡುವ ಕ್ರಾಂತಿಯೊಂದೇ ಮುಖ್ಯವೆಂದು ವೈಲ್ ಹೇಳಿದರು. ಬದುಕಿನ ಅರ್ಥವನ್ನು ಕಾಣುವುದೇ ಮುಖ್ಯವೆಂದು ಬೋವಾ ಮರುನುಡಿದರು. ನೀವೆಂದೂ ಹಸಿದವರಲ್ಲವೆಂಬುದು ನೋಡಿದರೇ ತಿಳಿಯುತ್ತದೆ ಎಂದು ವೈಲ್ ಮಾತು ಮುಗಿಸಿದರು. ತಮಗಾದ ಈ ಮುಖಭಂಗವನ್ನು ಬೋವಾ ಮರೆಮಾಚದೆ ಬರೆದಿಟ್ಟಿದ್ದಾರೆ.

1949ರ ಗ್ರಂಥ

‘ದ ಸೆಕೆಂಡ್ ಸೆಕ್ಸ್’ 1949ರ ಜೂನ್ ಮತ್ತು ನವೆಂಬರ್ ತಿಂಗಳಲ್ಲಿ ಎರಡು ಸಂಪುಟಗಳಾಗಿ ಹೊರಬಂದಿತು. ಫ್ರಾನ್ಸಿನ ಮಹಿಳೆಯರು ಮೊದಲ ಬಾರಿ ಮತ ಚಲಾಯಿಸಿ ಆಗಿನ್ನೂ ನಾಲ್ಕೇ ವರ್ಷ. ಮೊದಲ ಸಂಪುಟದ 22,000 ಪ್ರತಿಗಳು ಒಂದು ವಾರದಲ್ಲಿ ಮಾರಾಟವಾದವು. ಕಥೋಲಿಕ ಕಾದಂಬರಿಕಾರ ಫ್ರಾನ್ಸ್ವಾ ಮೊರಿಯಾಕ್ ಕಟುವಾಗಿ ಟೀಕಿಸಿದರು. ನಿರೀಶ್ವರವಾದಿ ಕಮೂ ಸಹ ಫ್ರೆಂಚ್ ಗಂಡಸನ್ನು ನಗೆಪಾಟಲು ಮಾಡಲಾಗಿದೆಯೆಂದು ಸಿಟ್ಟಾದರು. ಈ ಒಂದು ವಿಷಯದಲ್ಲಿ ವಿಶ್ವಾಸಿಯೂ ಅವಿಶ್ವಾಸಿಯೂ ಒಂದೇ ದನಿಯಲ್ಲಿ ಮಾತಾಡಿದ್ದು ಗಮನಾರ್ಹ.

ಮೊದಲ ಸಂಪುಟ ಜೀವಶಾಸ್ತ್ರ, ಮನೋವಿಶ್ಲೇಷಣೆ ಮತ್ತು ಮಾರ್ಕ್ಸ್‌ವಾದಗಳು ಹೆಣ್ಣನ್ನು ವಿವರಿಸಿದ ಬಗೆಯನ್ನು ಪರಿಶೀಲಿಸುತ್ತದೆ. ಬಳಿಕ ಇತಿಹಾಸವನ್ನೂ ಸಾಹಿತ್ಯದ ಕಲ್ಪನೆಗಳನ್ನೂ ಶೋಧಿಸುತ್ತದೆ. ಕಥೋಲಿಕ ಕವಿ ಪಾಲ್ ಕ್ಲೊದೆಲ್ ಅವರಿಗೂ ಅಲ್ಲಿ ಒಂದು ಅಧ್ಯಾಯವಿದೆ. ಎರಡನೆಯ ಸಂಪುಟ ಬಾಲ್ಯದಿಂದ ಮುಪ್ಪಿನವರೆಗೆ ಹೆಣ್ಣಿನ ಬಾಳನ್ನು ಹಿಂಬಾಲಿಸುತ್ತದೆ. ಹೆಣ್ಣುತನವೆಂಬುದು ಹುಟ್ಟಿನೊಡನೆ ಸಿದ್ಧವಾಗಿ ಬರುವಂಥದಲ್ಲ, ಬೆಳೆಸುವವರೂ ನೋಡುವವರೂ ಸೇರಿ ಅದನ್ನು ರೂಪಿಸುತ್ತಾರೆ ಎಂಬ ಪ್ರಸಿದ್ಧ ನಿಲುವು ಈ ಸಂಪುಟದ ಆರಂಭದಲ್ಲಿದೆ. ಗಂಡು ತನ್ನನ್ನೇ ಮನುಷ್ಯನ ಮಾದರಿಯೆಂದು ಎಣಿಸಿಕೊಂಡು ಹೆಣ್ಣನ್ನು ‘ಅನ್ಯ’ಳನ್ನಾಗಿ ಇಟ್ಟಿದ್ದಾನೆ, ಲೋಕವನ್ನು ಕಟ್ಟುವ ಕೆಲಸ ಅವನದು, ಅದೇ ಮನೆಗೆಲಸವನ್ನು ದಿನದಿನವೂ ಪುನರಾವರ್ತಿಸುವುದು ಅವಳದು ಎಂಬುದು ಅವರ ಪ್ರತಿಪಾದನೆ.

ಕ್ರೈಸ್ತಧರ್ಮದ ಬಗ್ಗೆ ಗ್ರಂಥದ ತೀರ್ಪು ಕಠಿಣವಾಗಿದೆ. ಆದರೂ ಆವಿಲಾದ ತೆರೇಸಮ್ಮನವರ ಬಳಿಗೆ ಬಂದಾಗ ಬೋವಾ ಅವರ ಸ್ವರ ಬದಲಾಗುತ್ತದೆ. ದೇವರೊಡನೆ ನೇರವಾಗಿ ನಿಂತ ತೆರೇಸ, ಮನುಷ್ಯನ ಅಸ್ತಿತ್ವದ ಮೂಲಪ್ರಶ್ನೆಯನ್ನು ಗಂಡುಹೆಣ್ಣೆಂಬ ಭೇದವನ್ನು ಮೀರಿ ಎದುರಿಸಿದವರೆಂದು ಅವರು ಗೌರವಿಸುತ್ತಾರೆ. 1956ರಲ್ಲಿ ಈ ಗ್ರಂಥ ನಿಷಿದ್ಧ ಪಟ್ಟಿ ಸೇರಿತು. 1966ರಲ್ಲಿ ಆ ಪಟ್ಟಿಯೇ ರದ್ದಾಯಿತು. 1970ರಲ್ಲಿ ಸಂತ ತೆರೇಸ ಮತ್ತು ಸಿಯೆನಾದ ಸಂತ ಕ್ಯಾಥರಿನ್ ಧರ್ಮಸಭೆಯ ಪಂಡಿತರೆಂದು ಘೋಷಿತರಾದ ಮೊದಲ ಮಹಿಳೆಯರಾದರು. ನಿಷೇಧಿತ ಗ್ರಂಥವೊಂದು ಗೌರವಿಸಿದ ಸಂತರಿಗೆ ಧರ್ಮಸಭೆಯೂ ಪಂಡಿತಪದವಿ ನೀಡಿದ್ದು ಇತಿಹಾಸದ ಒಂದು ಸೋಜಿಗ.

ಕನ್ನಡದಲ್ಲಿ

ಅಸ್ತಿತ್ವವಾದ ಕನ್ನಡಕ್ಕೆ ಬಂದದ್ದು ಮುಖ್ಯವಾಗಿ ನವ್ಯ ಸಾಹಿತ್ಯದ ಮೂಲಕ. ಶಾಂತಿನಾಥ ದೇಸಾಯಿಯವರ ‘ಮುಕ್ತಿ’ (1961), ಯು.ಆರ್. ಅನಂತಮೂರ್ತಿಯವರ ‘ಸಂಸ್ಕಾರ’ (1965) ಮೊದಲಾದ ಕಾದಂಬರಿಗಳಲ್ಲಿ ಆಯ್ಕೆಯ ಸಂಕಟ ಪ್ರಧಾನ ವಸ್ತು. ಆದರೆ ಆಯ್ಕೆ ಮಾಡುವವನು ಬಹುಪಾಲು ಗಂಡು. ‘ಸಂಸ್ಕಾರ’ದಲ್ಲಿ ಪ್ರಾಣೇಶಾಚಾರ್ಯರ ಅಂತರಂಗ ನಮಗೆ ಪೂರ್ಣವಾಗಿ ತೆರೆದುಕೊಳ್ಳುತ್ತದೆ, ಚಂದ್ರಿ ಅವರ ಬದುಕನ್ನು ಬುಡಮೇಲು ಮಾಡಿ ಕಥೆಯಿಂದ ಮರೆಯಾಗುತ್ತಾಳೆ. ತ್ರಿವೇಣಿಯವರು ಅಸ್ತಿತ್ವವಾದದ ಪರಿಭಾಷೆಯನ್ನು ಬಳಸದೆಯೇ ‘ಶರಪಂಜರ’ದಲ್ಲಿ ‘ಅನ್ಯ’ಳಾಗುವುದೆಂದರೇನು ಎಂಬುದನ್ನು ಕಾಣಿಸಿದರು. ಮನೋರೋಗದಿಂದ ಗುಣಮುಖಳಾಗಿ ಮನೆಗೆ ಮರಳಿದ ಕಾವೇರಿಯನ್ನು ಸುತ್ತಲಿನವರ ನೋಟವೇ ಮತ್ತೆ ರೋಗಿಯನ್ನಾಗಿಸುತ್ತದೆ. 1971ರ ಚಲನಚಿತ್ರದ ಮೂಲಕ ಈ ಕಥೆ ಓದುಬರಹ ಬಾರದವರಿಗೂ ತಲುಪಿತು.

ಇನ್ನೂ ಹಿಂದಕ್ಕೆ ಹೋದರೆ, ಚಿಕ್ಕದೇವರಾಜ ಒಡೆಯರ ಅರಮನೆಯಲ್ಲಿದ್ದ ಸಂಚಿಯ ಹೊನ್ನಮ್ಮ ಸಿಗುತ್ತಾಳೆ. ಆಕೆಯ ‘ಹದಿಬದೆಯ ಧರ್ಮ’ ಪತಿವ್ರತೆಯ ಕರ್ತವ್ಯಗಳನ್ನು ಬೋಧಿಸುವ ಕೃತಿ. ಅದರ ನಡುವೆಯೇ ಆಕೆ ಹೆಣ್ಣನ್ನು ಹಳಿಯುವವರನ್ನು, ಅವರ ತಾಯಿಯನ್ನೇ ಮುಂದಿಟ್ಟು ಖಂಡಿಸುತ್ತಾಳೆ. ಒಪ್ಪಿ ನಡೆಯುವವಳ ಬಾಯಿಂದಲೇ ಬಂದ ಪ್ರತಿಭಟನೆ ಅದು. ಒಪ್ಪಿಗೆಯ ಒಳಗೇ ಅಡಗಿರುವ ಇಂಥ ದನಿಯನ್ನು ಆಲಿಸಲು ತಾಳ್ಮೆ ಬೇಕಾಗುತ್ತದೆ.

ಬೋವಾ ಅವರ ಮಹಾಗ್ರಂಥವನ್ನು ಎಚ್.ಎಸ್. ಶ್ರೀಮತಿಯವರು ಕನ್ನಡಕ್ಕೆ ತಂದಿದ್ದಾರೆ. ಮೊದಲ ಇಂಗ್ಲಿಷ್ ಅನುವಾದ 1953ರಲ್ಲಿ ಪ್ರಾಣಿಶಾಸ್ತ್ರಜ್ಞ ಪಾರ್ಶ್ಲಿಯವರಿಂದ ಬಂದು, ಮೂಲದ ಎಷ್ಟೋ ಭಾಗಗಳನ್ನು ಕೈಬಿಟ್ಟಿತ್ತು. ಪೂರ್ಣ ಇಂಗ್ಲಿಷ್ ಅನುವಾದಕ್ಕೆ 2009ರವರೆಗೆ ಕಾಯಬೇಕಾಯಿತು. ನಮ್ಮ ಭಾಷೆಯಲ್ಲೇ ದೊರೆಯುವ ಈ ಗ್ರಂಥ ಗುರುಮಠಗಳ ಗ್ರಂಥಾಲಯದಲ್ಲಿ ಇರಬೇಕಾದುದು ಅಗತ್ಯ.

ಒಪ್ಪಲಾರದ ಎಡೆಗಳು

ಬೋವಾ ಅವರ ಎಲ್ಲ ನಿಲುವುಗಳನ್ನೂ ನಾವು ಒಪ್ಪಲಾರೆವು. 1971ರಲ್ಲಿ ಗರ್ಭಪಾತದ ಹಕ್ಕನ್ನು ಆಗ್ರಹಿಸಿ 343 ಮಹಿಳೆಯರು ಹೊರಡಿಸಿದ ಪ್ರಣಾಳಿಕೆಗೆ ಅವರು ಸಹಿ ಹಾಕಿದರು. ಹುಟ್ಟಲಿರುವ ಶಿಶುವಿನ ಜೀವವನ್ನು ತಾಯಿಯ ಸನ್ನಿವೇಶದ ಒಂದು ಅಂಶವೆಂದಷ್ಟೇ ಕಾಣುವುದು ನಮ್ಮ ವಿಶ್ವಾಸಕ್ಕೆ ಸಮ್ಮತವಲ್ಲ. ತಾಯ್ತನವನ್ನು ಅವರು ಬಹುಮಟ್ಟಿಗೆ ಬಂಧನವೆಂದು ಚಿತ್ರಿಸಿದ್ದರಲ್ಲಿಯೂ ಏಕಪಕ್ಷೀಯತೆಯಿದೆ. ಆದರೆ 1964ರಲ್ಲಿ, ತಾಯಿಯ ಮರಣದ ಮರುವರ್ಷ, ಅವರು ಬರೆದ ಪುಸ್ತಕವನ್ನು ಓದಿದವರಿಗೆ ಬೇರೊಂದು ಮುಖ ಕಾಣುತ್ತದೆ. ಗಂಡನ ಸಾವಿನ ನಂತರ ಸೈಕಲ್ ಕಲಿತು, ಗ್ರಂಥಾಲಯದ ಕೆಲಸಕ್ಕೆ ಸೇರಿ ಹೊಸದಾಗಿ ಬದುಕತೊಡಗಿದ ಆ ತಾಯಿಯ ಹಾಸಿಗೆಯ ಪಕ್ಕದಲ್ಲಿ ಕುಳಿತ ಮಗಳ ಬರಹದಲ್ಲಿ ಕೋಪಕ್ಕಿಂತ ಕರುಣೆಯೇ ಹೆಚ್ಚು.

ಅವರ ಬದುಕಿನ ಗಂಭೀರ ಕಲೆ ಬೇರೆಡೆಯಲ್ಲಿದೆ. 1943ರಲ್ಲಿ ಶಿಷ್ಯೆಯೊಬ್ಬಳ ತಾಯಿಯ ದೂರಿನ ಮೇಲೆ ಅವರನ್ನು ಅಧ್ಯಾಪನದಿಂದ ತೆಗೆಯಲಾಯಿತು. ಮತ್ತೊಬ್ಬ ಹಳೆಯ ಶಿಷ್ಯೆ ಬಿಯಾಂಕಾ ಲಾಂಬ್ಲಾ 1993ರಲ್ಲಿ ಪ್ರಕಟಿಸಿದ ಆತ್ಮಕಥನದಲ್ಲಿ, ತಾನು ಬೋವಾ ಮತ್ತು ಸಾರ್ತ್ರ್ ಇಬ್ಬರಿಂದಲೂ ಬಳಕೆಗೊಂಡು ಕೈಬಿಡಲ್ಪಟ್ಟೆನೆಂದು ನೋವಿನಿಂದ ಬರೆದರು. ಗುರುವಿನ ಮುಂದೆ ಶಿಷ್ಯೆ ಕೊಡುವ ಒಪ್ಪಿಗೆ ಎಷ್ಟರಮಟ್ಟಿಗೆ ಸ್ವತಂತ್ರ? ಈ ಪ್ರಶ್ನೆಯನ್ನು ಕೇಳಲು ಬೇಕಾದ ತತ್ತ್ವ ಬೋವಾ ಅವರ ಬಳಿಯೇ ಇತ್ತು. ಅದನ್ನು ತಮ್ಮ ಮೇಲೆ ಪ್ರಯೋಗಿಸಲು ಅವರು ಸೋತರು. ಇದನ್ನು ಬರೆಯುವಾಗ ನಮ್ಮ ಕೈ ನಡುಗಬೇಕು. ಗುರುಪಟ್ಟವನ್ನು ಧರಿಸಿದ ಕೆಲವರು ನಂಬಿ ಬಂದವರ ಮೇಲೆ ಎಸಗಿದ ಅನ್ಯಾಯಗಳನ್ನು ನಮ್ಮ ಕಾಲ ಕಂಡಿದೆ. ಅಧಿಕಾರ ಇರುವೆಡೆಯಲ್ಲಿ ಮೌನವನ್ನು ಸಮ್ಮತಿಯೆಂದು ಎಣಿಸುವ ಪ್ರಲೋಭನೆ ನಿರೀಶ್ವರವಾದಿಗಳಿಗೆ ಮಾತ್ರ ಸೇರಿದ್ದಲ್ಲ.

ಧರ್ಮಸಭೆಯ ನಡೆ

‘ದ ಸೆಕೆಂಡ್ ಸೆಕ್ಸ್’ ನಿಷೇಧಗೊಂಡ ಏಳೇ ವರ್ಷಗಳಲ್ಲಿ, 1963ರ ಏಪ್ರಿಲ್‌ನಲ್ಲಿ, ಇಪ್ಪತ್ತಮೂರನೆಯ ಜಾನ್ ಜಗದ್ಗುರುಗಳು ತಮ್ಮ ವಿಶ್ವಪತ್ರದಲ್ಲಿ ಸ್ತ್ರೀಯರು ತಮ್ಮ ಘನತೆಯನ್ನು ಅರಿತು ಸಾರ್ವಜನಿಕ ಜೀವನಕ್ಕೆ ಬರುತ್ತಿರುವುದನ್ನು ಕಾಲದ ಲಕ್ಷಣಗಳಲ್ಲಿ ಒಂದೆಂದು ಗುರುತಿಸಿದರು. ಎರಡನೆಯ ವ್ಯಾಟಿಕನ್ ಮಹಾಸಭೆ 1965ರಲ್ಲಿ ಲಿಂಗಭೇದದ ತಾರತಮ್ಯ ದೇವರ ಸಂಕಲ್ಪಕ್ಕೆ ವಿರುದ್ಧವೆಂದು ಸಾರಿತು. 1988ರಲ್ಲಿ ಎರಡನೆಯ ಜಾನ್ ಪಾಲ್ ಜಗದ್ಗುರುಗಳು ಗಂಡ ಹೆಂಡತಿಯನ್ನು ಆಳುವನೆಂಬ ಆದಿಕಾಂಡದ ಮಾತನ್ನು ಪಾಪದ ಪರಿಣಾಮವೆಂದು ವಿವರಿಸಿ, ಎಫೆಸಿಯರಿಗೆ ಬರೆದ ಪತ್ರದ ಅಧೀನತೆಯನ್ನು ಪರಸ್ಪರ ಅಧೀನತೆಯೆಂದು ವ್ಯಾಖ್ಯಾನಿಸಿದರು. 1995ರ ಪತ್ರದಲ್ಲಿ, ಸ್ತ್ರೀಯರಿಗಾದ ಅನ್ಯಾಯದಲ್ಲಿ ಧರ್ಮಸಭೆಯ ಮಕ್ಕಳ ಪಾಲಿಗಾಗಿ ವಿಷಾದ ವ್ಯಕ್ತಪಡಿಸಿದರು. ಭಾರತದ ಕಥೋಲಿಕ ಧರ್ಮಾಧ್ಯಕ್ಷರ ಮಂಡಳಿ 2010ರಲ್ಲಿ ಲಿಂಗ ಸಮಾನತೆಯ ನೀತಿಯನ್ನು ಪ್ರಕಟಿಸಿತು. ಬೋಧನೆ ಹೀಗೆ ಮುಂದೆ ಸಾಗಿದೆ. ಟ್ರೆಂಟ್ ಕಾಲದಂತೆ ಇಂದೂ ಉಳಿದಿರುವ ಪ್ರಶ್ನೆ, ಅದು ಮನೆಯ ಹೊಸಿಲು ದಾಟಿದೆಯೇ ಎಂಬುದು.

ಯುವತಿಯ ಪ್ರಶ್ನೆ

ಈಗ ಮೂಡಲಪಾಳ್ಯದ ಆ ಪ್ರಸಂಗಕ್ಕೆ ಬರುತ್ತೇವೆ. ಗುರುತು ಸಿಗಬಾರದೆಂದು ಕೆಲವು ವಿವರಗಳನ್ನು ಬಿಟ್ಟಿದ್ದೇವೆ. ಗಾರ್ಮೆಂಟ್ಸ್ ಕಾರ್ಖಾನೆಯಲ್ಲಿ ದುಡಿಯುತ್ತಿದ್ದ ಯುವತಿ, ಆಕೆಯ ಸಂಬಳದಿಂದಲೇ ಅರ್ಧ ನಡೆಯುತ್ತಿದ್ದ ಮನೆ. ವಿವಾಹಪೂರ್ವ ವಿಚಾರಣೆಗೆ ತಂದೆ, ಸೋದರಮಾವ, ಅಣ್ಣ ಎಲ್ಲರೂ ಬಂದಿದ್ದರು. ಈ ಮದುವೆಗೆ ನೀನು ಸ್ವಇಚ್ಛೆಯಿಂದ ಒಪ್ಪಿದ್ದೀಯಾ ಎಂಬ ಪ್ರಶ್ನೆಗೆ ತಂದೆಯೇ, “ಒಪ್ಪವ್ಳೆ ಸ್ವಾಮಿ, ಬರ್ಕೊಳ್ಳಿ” ಎಂದರು. ನಾವು ಎಲ್ಲರನ್ನೂ ಹೊರಗೆ ಕಳುಹಿಸಿ ಮತ್ತೆ ಕೇಳಿದೆವು. ಆಕೆ ಬಹಳ ಹೊತ್ತು ಸುಮ್ಮನಿದ್ದು, “ಇಲ್ಲ ಅಂದ್ರೆ ಇವತ್ತು ಸಂಜೆ ಯಾವ ಮನೆಗೆ ಹೋಗ್ಲಿ ಸ್ವಾಮಿ?” ಎಂದಳು.

ಸಭಾನಿಯಮಸಂಹಿತೆಯ 1057ನೆಯ ನಿಯಮವನ್ನೂ 1103ನೆಯ ನಿಯಮವನ್ನೂ ನಾವು ತರಗತಿಯಲ್ಲಿ ಬೋಧಿಸಿದ್ದೆವು. ಒಪ್ಪಿಗೆಯಿಂದಲೇ ವಿವಾಹ ಉಂಟಾಗುತ್ತದೆ. ಪಾರಾಗಲು ಮದುವೆಯನ್ನೇ ಆರಿಸಬೇಕಾಗುವಂಥ ಗಂಭೀರ ಭಯದಿಂದ ಕೊಟ್ಟ ಒಪ್ಪಿಗೆ ಅಸಿಂಧು. ಇಷ್ಟು ಗೊತ್ತಿದ್ದೂ ಆ ದಿನ ನಾವು, “ಪ್ರಾರ್ಥನೆ ಮಾಡಮ್ಮ, ದೇವರು ದಾರಿ ತೋರಿಸ್ತಾರೆ” ಎಂದೆವು. ಆಕೆ ತಲೆಯಾಡಿಸಿ, “ಸರಿ ಸ್ವಾಮಿ, ಒಪ್ಪಿದೀನಿ” ಎಂದಳು. ನಾವು ಬರೆದುಕೊಂಡೆವು. ದಿನವನ್ನು ಮುಂದೂಡಲಿಲ್ಲ, ಆಕೆಗೆ ಒಂದು ರಾತ್ರಿ ತಂಗಲು ಸುರಕ್ಷಿತವಾದ ಜಾಗವಿದೆಯೇ ಎಂದು ವಿಚಾರಿಸಲಿಲ್ಲ, ನೆರೆಯ ಕನ್ಯಾಮಠದ ಸೋದರಿಯರೊಡನೆ ಮಾತಾಡಲಿಲ್ಲ.

ಬೋವಾ ಅವರ ಗ್ರಂಥವನ್ನು ಮರಳಿ ಓದಿದಾಗ ನಮಗೆ ನಮ್ಮ ತಪ್ಪಿನ ಸ್ವರೂಪ ತಿಳಿಯಿತು. ನಾವು ಕೇಳಿದ ಪ್ರಶ್ನೆ ಆಕೆಯ ಇಚ್ಛೆಯನ್ನು ಕುರಿತದ್ದು. ಆಕೆ ಕೇಳಿದ ಪ್ರಶ್ನೆ ತನ್ನ ಸನ್ನಿವೇಶವನ್ನು ಕುರಿತದ್ದು. ಸಂಜೆ ಹೋಗಲು ಮನೆಯಿಲ್ಲದವಳ ‘ಹೂಂ’ ಎಂಬ ಮಾತಿಗೆ ಎಷ್ಟು ತೂಕ ಕೊಡಬೇಕೆಂಬುದನ್ನು ನಮಗೆ ನಿಷಿದ್ಧ ಗ್ರಂಥದ ಲೇಖಕಿ ಕಲಿಸಬೇಕಾಯಿತು. ಅದು ನಮ್ಮದೇ ನಿಯಮಸಂಹಿತೆಯಲ್ಲಿತ್ತು.

ದೇವಮಾತೆಯ ವಿಷಯದಲ್ಲಿ ಬೋವಾ ಅವರೊಡನೆ ವಾದಿಸಲು ನಮಗೆ ಆಧಾರವುಂಟು. ತಾಯಿಯೊಬ್ಬಳು ಮಗನ ಮುಂದೆ ಮೊಣಕಾಲೂರಿ ತನ್ನ ಕೀಳ್ಮೆಯನ್ನು ತಾನೇ ಒಪ್ಪಿಕೊಂಡದ್ದಾಗಿ ಅವರು ಮರಿಯಳ ಭಕ್ತಿಯನ್ನು ಅರ್ಥೈಸಿದರು. ನಮ್ಮ ಎಷ್ಟೋ ಪ್ರಬೋಧನೆಗಳು ಆ ಅರ್ಥವನ್ನೇ ನಿಜ ಮಾಡಿವೆಯೆಂಬುದನ್ನು ಅಲ್ಲಗಳೆಯಲಾಗದು. ಆದರೆ ಸಂತ ಲೂಕರ ಮೊದಲ ಅಧ್ಯಾಯದಲ್ಲಿ ದೇವದೂತನು ಮರಿಯಳ ತಂದೆಯ ಬಳಿ ಹೋಗುವುದಿಲ್ಲ, ನಿಶ್ಚಿತಾರ್ಥವಾಗಿದ್ದ ಜೋಸೆಫರ ಅನುಮತಿ ಕೇಳುವುದಿಲ್ಲ, ಆಕೆಯನ್ನೇ ಸಂಬೋಧಿಸುತ್ತಾನೆ. ಆಕೆ ಉತ್ತರಿಸುವ ಮೊದಲು ಒಂದು ಪ್ರಶ್ನೆ ಕೇಳುತ್ತಾಳೆ. ದೂತನು ಗದರಿಸದೆ ಅದಕ್ಕೆ ಉತ್ತರ ಕೊಡುತ್ತಾನೆ. ಆಮೇಲೆ ಆಕೆಯ ಒಪ್ಪಿಗೆ ಬರುತ್ತದೆ. ಇಡೀ ಮಾನವಕುಲದ ಪರವಾಗಿ ಆ ಕನ್ಯೆಯ ಸಮ್ಮತಿಗಾಗಿ ಕಾಯಲಾಯಿತೆಂದು ಸಂತ ಥಾಮಸ್ ಅಕ್ವಿನಾಸರು ಬರೆದಿದ್ದಾರೆ. ಸರ್ವಶಕ್ತನಾದ ದೇವರು ಒಬ್ಬ ಹಳ್ಳಿಯ ಹುಡುಗಿಯ ಮಾತಿಗಾಗಿ ಕಾದನೆಂಬುದೇ ನಮ್ಮ ವಿಶ್ವಾಸವಾಗಿರುವಾಗ, ಅವನ ಹೆಸರಿನಲ್ಲಿ ಕುಳಿತ ನಮಗೆ ಅವಸರವೇಕೆ?

ಸಿಮೋನ್ ದ ಬೋವಾ 1986ರ ಏಪ್ರಿಲ್ 14ರಂದು ನಿಧನರಾದರು. ಮೊಂಪಾರ್ನಾಸ್ ಸ್ಮಶಾನದಲ್ಲಿ, ಆರು ವರ್ಷ ಮೊದಲು ತೀರಿಕೊಂಡ ಸಾರ್ತ್ರ್ ಅವರ ಸಮಾಧಿಯಲ್ಲಿಯೇ ಅವರನ್ನು ಹೂಳಲಾಯಿತು. ಅವರು ಕೊನೆಯವರೆಗೂ ವಿಶ್ವಾಸಕ್ಕೆ ಮರಳಲಿಲ್ಲ. ಅವರನ್ನು ಗುಟ್ಟಾದ ಕ್ರೈಸ್ತರೆಂದು ಸಾಧಿಸುವುದು ನಮ್ಮ ಉದ್ದೇಶವೂ ಅಲ್ಲ.

ಗುರುಪಟ್ಟಕ್ಕೆ ಸಿದ್ಧರಾಗುತ್ತಿರುವ ಸಹೋದರರಲ್ಲಿ ನಮ್ಮ ಬಿನ್ನಹ ಇಷ್ಟು. ವಿವಾಹಪೂರ್ವ ವಿಚಾರಣೆಯ ದಿನ ವಧುವಿನೊಡನೆ ಏಕಾಂತದಲ್ಲಿ ಮಾತಾಡಿರಿ; ಅದಕ್ಕೆ ಅರ್ಧ ಗಂಟೆಯಾದರೂ ಮೀಸಲಿಡಿರಿ. ಇಲ್ಲವೆಂದರೆ ಆಕೆಗೆ ಏನಾಗುತ್ತದೆಂದು ಕೇಳಿರಿ. ಆಕೆ ಭಯಪಟ್ಟರೆ ದಿನವನ್ನು ಮುಂದೂಡುವ ಅಧಿಕಾರವನ್ನು ಬಳಸಿರಿ. ಆಕೆಯ ತಂದೆಯ ಕೋಪ ನಿಮ್ಮ ಮೇಲೆ ಬೀಳಲಿ. ಸಂಜೆ ಆಕೆ ಎಲ್ಲಿಗೆ ಹೋಗಬಹುದೆಂಬುದನ್ನು ಮೊದಲೇ ಯೋಚಿಸಿಟ್ಟುಕೊಳ್ಳಿರಿ. ನಾವು ಬರೆದುಕೊಂಡ ಆ ಕಾಗದ ಇಂದಿಗೂ ಧರ್ಮಕೇಂದ್ರದ ಕಡತದಲ್ಲಿದೆ. ಅದರಲ್ಲಿ ಸ್ವಇಚ್ಛೆಯ ಪ್ರಶ್ನೆಯ ಮುಂದೆ ‘ಹೌದು’ ಎಂದು ನಮ್ಮ ಕೈಬರಹದಲ್ಲಿದೆ.